ಲೇಡಿ ಮಾರ್ಮಲೇಡ್: 1974ರದ್ದು ಮತ್ತು 2001ರದ್ದು ಸೇರಿಸಿ 4 ನಿಮಿಷದ ವೇದಿಕೆ ರೂಪ ಮಾಡೋದು ಹೇಗೆ?

ಕೋರಸ್_ಕಮಲಿ ಕೇಳಿದ್ದು:

ನಾಲ್ವರು ಹೆಣ್ಣುಮಕ್ಕಳ ತಂಡ. ಮೂವರು ಹಾಡ್ತಾರೆ, ಒಬ್ಬಳು ರ್‍ಯಾಪ್ ಮಾಡ್ತಾಳೆ, ನಾಲ್ವರೂ ಕುಣೀತಾರೆ. ಹಿಂದೆ ಕೀಬೋರ್ಡ್, ಬೇಸ್, ಡ್ರಮ್ಸ್ ಇರುತ್ತೆ. ವೇದಿಕೆ ಮೇಲೆ ಸಿಗೋದು 4 ನಿಮಿಷ. ಹಾಡು ‘ಲೇಡಿ ಮಾರ್ಮಲೇಡ್’. ಲಬೆಲ್ ತಂಡದ 1974ರ ರೂಪ, 2001ರಲ್ಲಿ ಕ್ರಿಸ್ಟಿನಾ ಅಗಿಲೆರಾ, ಲಿಲ್ ಕಿಮ್, ಮಾಯಾ, ಪಿಂಕ್ ಹಾಡಿದ ರೂಪ, ಎರಡರ ರುಚಿಯೂ ಬರಬೇಕು ಅಂತ ಆಸೆ. ನನ್ನ ಪ್ರಶ್ನೆಗಳು:

ಎರಡಕ್ಕೂ ನಿಜವಾದ ವ್ಯತ್ಯಾಸ ಏನು? ಬರೀ ರ್‍ಯಾಪ್ ಸೇರಿಸಿದ್ದಾ, ಇನ್ನೂ ಏನಾದ್ರೂ ಇದೆಯಾ? ಎಲ್ಲಿ ಕತ್ತರಿಸಿ ಎಲ್ಲಿ ಅಂಟಿಸಬೇಕು? ಕೋರಸ್‌ನಲ್ಲಿ ‘ನನ್ನ ಜತೆ ಮಲಗ್ತೀರಾ’ ಅಂತ ಕೇಳೋ ಆ ಫ್ರೆಂಚ್ ಸಾಲಿನ ಅರ್ಥ ಗೊತ್ತಿದೆ, ಮುಂದಿನ ಸಾಲಲ್ಲಿ ಅಜ್ಜ ಅಜ್ಜಿಯರೂ ಕೂತಿರ್ತಾರೆ, ಏನು ಮಾಡೋದು? ಕುರ್ಚಿ ಇಟ್ಟು ಕುಣಿಯೋ ಯೋಚನೆ ಇದೆ, ಜಾಗ್ರತೆ ಏನೇನು?

---

ವಿನೈಲ್_ವೆಂಕ:

ಮೊದಲು ಒಂದು ವಿಷಯ ತಿಳಿದಿರಲಿ. ಎಲ್ಲರೂ ‘ಮೂಲ’ ಅನ್ನುವ ಲಬೆಲ್ ರೂಪವೇ ಒಂದು ಕವರ್, ಅಂದರೆ ಬೇರೆಯವರ ಹಾಡನ್ನು ಮತ್ತೆ ಹಾಡಿದ್ದು. ಹಾಡು ಬರೆದವರು ಬಾಬ್ ಕ್ರೂ ಮತ್ತು ಕೆನ್ನಿ ನೋಲನ್. ನೋಲನ್ ತನ್ನದೇ ‘ಇಲೆವೆಂತ್ ಅವರ್’ ತಂಡದಲ್ಲಿ ಇದನ್ನು ಮೊದಲು ಹಾಡಿಸಿದ, ಅದು ಎಲ್ಲೂ ಓಡಲಿಲ್ಲ. ಆಮೇಲೆ ಹಾಡು ನ್ಯೂ ಆರ್ಲಿಯನ್ಸ್‌ಗೆ ಬಂತು. ನಿರ್ಮಾಪಕ ಆಲನ್ ಟೂಸಾಂಟ್, ಸೀ-ಸೇಂಟ್ ಸ್ಟುಡಿಯೊ, ಬೇಸ್‌ಗೆ ಮೀಟರ್ಸ್ ತಂಡದ ಜಾರ್ಜ್ ಪೋರ್ಟರ್ ಜೂನಿಯರ್. ‘ನೈಟ್‌ಬರ್ಡ್ಸ್’ ಆಲ್ಬಂನಲ್ಲಿ ಹೊರಬಂತು. 1975ರ ಮಾರ್ಚ್ ಕೊನೆಗೆ ಅಮೆರಿಕದ ಜನಪ್ರಿಯ ಹಾಡುಗಳ ಪಟ್ಟಿಯಾದ ಬಿಲ್‌ಬೋರ್ಡ್ ಹಾಟ್ 100ರಲ್ಲಿ ಒಂದು ವಾರ ನಂಬರ್ 1. ಅದಕ್ಕೆ ಹಿಂದಿನ ವಾರ ಅದೇ ಜಾಗದಲ್ಲಿದ್ದ ಫ್ರಾಂಕಿ ವ್ಯಾಲಿಯ ಹಾಡೂ ಇದೇ ಕ್ರೂ, ನೋಲನ್ ಜೋಡಿಯದ್ದು. ಅದೋ ಬೆಣ್ಣೆಯಂಥ ಪ್ರೇಮಗೀತೆ. ಒಂದೇ ಕೈಯಿಂದ ಎರಡೂ ಬಂದವು ಅಂದರೆ ನಂಬೋದು ಕಷ್ಟ.

ಹಾಡಿದ ಮೂವರು ಪ್ಯಾಟಿ ಲಬೆಲ್, ನೋನಾ ಹೆಂಡ್ರಿಕ್ಸ್, ಸಾರಾ ಡ್ಯಾಶ್. 60ರ ದಶಕದಲ್ಲಿ ಇವರು ‘ಬ್ಲೂಬೆಲ್ಸ್’ ಹೆಸರಿನಲ್ಲಿ ಒಂದೇ ಥರದ ಫ್ರಾಕು, ಒಂದೇ ಥರದ ತುರುಬು ಹಾಕಿಕೊಂಡು ಹಾಡುತ್ತಿದ್ದ ಗರ್ಲ್ ಗ್ರೂಪ್. 1971ರ ಹೊತ್ತಿಗೆ ಹೆಸರು ‘ಲಬೆಲ್’ ಆಯಿತು. ಲ್ಯಾರಿ ಲೆಗಾಸ್ಪಿ ಹೊಲಿದ ಬೆಳ್ಳಿಬಣ್ಣದ ಅಂತರಿಕ್ಷದ ವೇಷ ಬಂತು. 1974ರ ಅಕ್ಟೋಬರ್‌ನಲ್ಲಿ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಅಪೆರಾ ಹೌಸ್‌ನಲ್ಲಿ ಹಾಡಿದಾಗ, ಬರುವವರೂ ಮೈಮೇಲೆ ಏನಾದರೂ ಬೆಳ್ಳಿಬಣ್ಣದ್ದು ಹಾಕಿಕೊಂಡು ಬನ್ನಿ ಅಂತ ಕರೆ ಕೊಟ್ಟಿದ್ದರು. ವೇಷದ ವಿಷಯಕ್ಕೆ ಇದನ್ನು ನೆನಪಿಟ್ಟುಕೊಳ್ಳಿ, ಕೆಳಗೆ ಬೇಕಾಗುತ್ತದೆ.

ಇನ್ನು ವ್ಯತ್ಯಾಸ. ಮೂರು ಕಡೆ ಇದೆ.

ಊರು. 1974ರಲ್ಲಿ ಮಾರ್ಮಲೇಡ್ ಅನ್ನುವ ವೇಶ್ಯೆ ಮತ್ತು ಅವಳ ಗಿರಾಕಿಯ ಕಥೆ ನಡೆಯೋದು ಹಳೆ ನ್ಯೂ ಆರ್ಲಿಯನ್ಸ್ ಬೀದಿಯಲ್ಲಿ. 2001ರದ್ದು ಬಾಜ್ ಲುಹ್ರ್ಮನ್ ಸಿನಿಮಾ ‘ಮೂಲಾನ್ ರೂಜ್’ಗೆ ಮಾಡಿದ್ದು, ಹಾಗಾಗಿ ಮೊದಲ ಸಾಲಿನಲ್ಲೇ ಊರು ಕಿತ್ತುಹಾಕಿ ಪ್ಯಾರಿಸ್‌ನ ಆ ಕುಣಿತದ ಮನೆ ಇಟ್ಟರು. ಆದರೆ ಉಳಿದ ಸಾಲುಗಳು ಹಾಗೇ ಉಳಿದವು. ಮ್ಯಾಗ್ನೋಲಿಯಾ ವೈನ್ ಕುಡಿಯೋದು ಹಾಗೇ ಇದೆ. ಮ್ಯಾಗ್ನೋಲಿಯಾ ಲೂಸಿಯಾನಾದ ರಾಜ್ಯಪುಷ್ಪ, ಪ್ಯಾರಿಸ್‌ಗೂ ಅದಕ್ಕೂ ಸಂಬಂಧ ಇಲ್ಲ. ‘ಕ್ರಿಯೋಲ್’ ಅನ್ನೋ ಮಾತೂ ಲೂಸಿಯಾನಾದ್ದೇ. ಅವಳ ಮೈಬಣ್ಣ ‘ಕಫೆ ಓ ಲೇ’ ಅನ್ನುವ ಸಾಲೂ ಅಷ್ಟೇ. ನ್ಯೂ ಆರ್ಲಿಯನ್ಸ್‌ನಲ್ಲಿ ಹಾಲು ಹಾಕಿದ ಕಾಫಿ ಅಂದರೆ ಚಿಕೋರಿ ಬೆರೆಸಿದ ಕಾಫಿ, ನಮ್ಮ ಫಿಲ್ಟರ್ ಕಾಫಿಯ ಹತ್ತಿರದ ನೆಂಟ. ಆ ಸಾಲು ಹಾಡುವವರು ನಮ್ಮ ಕಾಫಿಯ ಬಣ್ಣ ಕಣ್ಣ ಮುಂದೆ ತಂದುಕೊಂಡರೆ ಸಾಕು.

ಹೇಳುವವರು. ನನ್ನ ಪ್ರಕಾರ ಇದೇ ದೊಡ್ಡ ವ್ಯತ್ಯಾಸ, ಯಾರೂ ಗಮನಿಸಲ್ಲ. 1974ರಲ್ಲಿ ಹಾಡುವವರು ಬೇರೆಯವರ ಕಥೆ ಹೇಳುತ್ತಿದ್ದಾರೆ. ಅವನು ಅವಳನ್ನು ಕಂಡ, ಅವಳ ಕೋಣೆಯಲ್ಲಿ ಕೂತ, ಈಗ ಮನೆಗೆ ಹೋಗಿ ಒಂಬತ್ತರಿಂದ ಐದರ ನೌಕರಿ ಮಾಡ್ತಾ ಬೂದುಬಣ್ಣದ ಫ್ಲ್ಯಾನೆಲ್ ಸೂಟಿನ ಬದುಕು ಬದುಕುತ್ತಿದ್ದಾನೆ, ರಾತ್ರಿ ಕಣ್ಣು ಮುಚ್ಚಿದರೆ ಅವಳೇ ಬರ್ತಾಳೆ. ಮಾರ್ಮಲೇಡ್ ತಾನಾಗಿ ಆಡುವುದು ಅವನನ್ನು ಕರೆಯುವ ಮಾತು ಮತ್ತು ಆ ಫ್ರೆಂಚ್ ಪ್ರಶ್ನೆ, ಅಷ್ಟೇ. ಸೋತವನು ಗಂಡಸು. 2001ರಲ್ಲಿ ಲಿಲ್ ಕಿಮ್ ರ್‍ಯಾಪ್ ಬಂದಾಗ ‘ಅವಳು’ ಹೋಗಿ ‘ನಾವು’ ಬರುತ್ತದೆ. ನಾವು ಸ್ವತಂತ್ರರು, ನಿಮ್ಮ ದುಡ್ಡಿರುವಾಗ ನಮ್ಮದೇಕೆ ಖರ್ಚು, ನಮ್ಮನ್ನು ಏನೆಂದುಕೊಂಡಿದ್ದೀರಿ ಅನ್ನುವ ಧಾಟಿ. ಕಥೆ ಹೇಳುತ್ತಿದ್ದವರು ಕಥೆಯ ಒಳಗೆ ಕಾಲಿಟ್ಟರು. ನಿಮ್ಮ ವೇದಿಕೆ ರೂಪದ ಕೀಲು ಇರೋದು ಇಲ್ಲೇ. ಎಲ್ಲಿ ‘ಅವಳು’ ಮುಗಿದು ‘ನಾವು’ ಶುರುವಾಗುತ್ತದೆ ಅನ್ನುವುದನ್ನು ನೋಡುವವನಿಗೆ ಕಾಣಿಸಿ.

ಹಂಚಿಕೆ. 1974ರಲ್ಲಿ ಪ್ಯಾಟಿ ಮುಂದೆ, ಇಬ್ಬರು ಹಿಂದೆ. 2001ರಲ್ಲಿ ಮೊದಲ ಚರಣ ಮಾಯಾ, ಎರಡನೆಯದು ಪಿಂಕ್, ಆಮೇಲೆ ಲಿಲ್ ಕಿಮ್ ರ್‍ಯಾಪ್, ಮೂರನೆಯದು ಕ್ರಿಸ್ಟಿನಾ. ಶುರುವಿಗೂ ಕೊನೆಗೂ ಮಿಸ್ಸಿ ಎಲಿಯಟ್ ದನಿ. ನಿರ್ಮಾಪಕರು ಆಕೆ ಮತ್ತು ರಾಕ್‌ವೈಲ್ಡರ್. ಕೊನೆಗೆ ಒಬ್ಬೊಬ್ಬರ ಹೆಸರು ಕೂಗುತ್ತಾಳಲ್ಲ, ಅದನ್ನು ನಿಮ್ಮ ನಾಲ್ವರ ಹೆಸರಿಗೆ ಸುಲಭವಾಗಿ ಹೊಂದಿಸಬಹುದು.

ಮಧ್ಯದಲ್ಲಿ 1998ರ ‘ಆಲ್ ಸೇಂಟ್ಸ್’ ರೂಪ ಒಂದಿದೆ, ಬ್ರಿಟನ್ನಿನಲ್ಲಿ ನಂಬರ್ 1 ಆಯಿತು, ಚರಣಗಳನ್ನೇ ಬದಲಿಸಿದ್ದಾರೆ. ಅದನ್ನು ಬೆರೆಸಲು ಹೋಗಬೇಡಿ, ಗೊಜ್ಜಾಗುತ್ತದೆ. ತಮಾಷೆ ಏನೆಂದರೆ ಬ್ರಿಟನ್ನಿನಲ್ಲಿ ಲಬೆಲ್ ರೂಪ 17ಕ್ಕಿಂತ ಮೇಲೆ ಹತ್ತಲೇ ಇಲ್ಲ, 1998ರದ್ದು ಮತ್ತು 2001ರದ್ದು ಎರಡೂ ತುದಿ ಮುಟ್ಟಿದವು.

---

ಬೇಸ್_ಬಸವ:

ವೆಂಕ ಅವರು ಸಾಹಿತ್ಯ ಹೇಳಿದ್ರು, ನಾನು ಸಂಗೀತದ ಲೆಕ್ಕ ಹೇಳ್ತೀನಿ.

ಹಾಡು ಹೆಚ್ಚಾಗಿ ನಿಂತಿರೋದು ಎರಡು ಕಾರ್ಡ್‌ಗಳ ಮೇಲೆ. ಲಬೆಲ್ ರೂಪ ಹಿಡಿಯೋವಾಗ ಜಿ ಮೈನರ್ ಸೆವೆನ್, ಸಿ ಸೆವೆನ್. ಅದೇ ತಿರುಗ್ತಾ ಇರುತ್ತೆ. ಇಲ್ಲಿ ಎಲ್ಲರೂ ಮಾಡೋ ತಪ್ಪು ಒಂದೇ: ‘ಮೈನರ್ ಅಲ್ವಾ’ ಅಂದ್ಕೊಂಡು ಕೀಬೋರ್ಡಿನವರು ಎರಡನೇ ಕಾರ್ಡನ್ನೂ ಸಿ ಮೈನರ್ ಮಾಡಿಬಿಡ್ತಾರೆ. ಬೆರಳು ವ್ಯತ್ಯಾಸ ಒಂದೇ ಒಂದು, ಆದರೆ ಸೊಂಟ ಆಡಿಸೋ ಹಾಡು ಅಳು ಹಾಡಾಗುತ್ತೆ. ಕರ್ನಾಟಕ ಸಂಗೀತ ಕಲಿತವರಿಗೆ ಹೀಗೆ ಹೇಳಿದ್ರೆ ತಕ್ಷಣ ಗೊತ್ತಾಗುತ್ತೆ: ಜಿ ಷಡ್ಜ ಅಂತ ಇಟ್ಕೊಳ್ಳಿ, ಈ ಎರಡು ಕಾರ್ಡ್ ಸ್ವರಗಳು ಖರಹರಪ್ರಿಯದ ಒಳಗೇ ಇವೆ, ಚತುಶ್ರುತಿ ಧೈವತ. ಸಿ ಮೈನರ್ ಹಿಡಿದ್ರೆ ಶುದ್ಧ ಧೈವತಕ್ಕೆ ಇಳಿದು ನಟಭೈರವಿ ಆಗಿಬಿಡುತ್ತೆ. ಹಾಗಂತ ಗಮಕ ಹಾಕ್ಬೇಡಿ, ರಾಗ ಅಲ್ಲ ಇದು, ಬರೀ ಸ್ವರದ ಗುರುತು.

ಇದರಿಂದ ಹಿಮ್ಮೇಳದ ದನಿಗೂ ಒಂದು ಅನುಕೂಲ ಇದೆ. ಮೂವರೂ ಉದ್ದಕ್ಕೆ ‘ಹೇ’ ಅಂತ ಹಿಡಿಯೋ ಜಾಗದಲ್ಲಿ ಮೊದಲನೆಯವಳು ಸ, ಎರಡನೆಯವಳು ಸಾಧಾರಣ ಗ, ಮೂರನೆಯವಳು ಪ ಹಿಡೀಲಿ. ಕಾರ್ಡ್ ಬದಲಾದಾಗ ಮೊದಲಿಬ್ಬರು ಅಲ್ಲಾಡೋದೇ ಬೇಡ. ಮೂರನೆಯವಳು ಮಾತ್ರ ಪ ಇಂದ ಧ ಗೆ ಒಂದು ಮೆಟ್ಟಿಲು ಹತ್ತಿ, ಮತ್ತೆ ಇಳೀಬೇಕು. ಅಷ್ಟೇ ಹಾರ್ಮನಿ. ಕುಣೀತಾ ಹಾಡೋರಿಗೆ ಇದಕ್ಕಿಂತ ಸುಲಭದ್ದು ಸಿಗಲ್ಲ. ನಿಮ್ಮಲ್ಲಿ ಯಾರ ಶ್ರುತಿ ಗಟ್ಟಿಯೋ ಅವಳಿಗೇ ಆ ಮೂರನೇ ದನಿ ಕೊಡಿ.

ಶ್ರುತಿ: ಪ್ಯಾಟಿ ಲಬೆಲ್ ಎತ್ತಿದ ಜಾಗದಲ್ಲೇ ಎತ್ತಬೇಕು ಅನ್ನೋ ಹಟ ಬೇಡ. ಕೊನೇ ಕೋರಸ್‌ನ ಎತ್ತರದ ಸ್ವರವನ್ನ ಕುಣಿದು ಸುಸ್ತಾದ ಮೇಲೆ ಹಾಡಿಸಿ ನೋಡಿ, ಗಂಟಲು ಬಿಗಿಯಾಗಿ ಕೂಗಿದ ಹಾಗೆ ಕೇಳಿದ್ರೆ ಎರಡು ಮನೆ ಇಳಿಸಿ, ಎಫ್ ಮೈನರ್. ನಿಮ್ಮದು ಬ್ಯಾಂಡ್ ಇರೋದ್ರಿಂದ ಇಳಿಸೋದು ಕಷ್ಟ ಇಲ್ಲ. ಟ್ರ್ಯಾಕ್ ಇಟ್ಟು ಹಾಡೋರಾದ್ರೆ ಸಾಫ್ಟ್‌ವೇರ್‌ನಲ್ಲಿ ಎರಡು ಮನೆವರೆಗೆ ಇಳಿಸಬಹುದು, ಅದಕ್ಕಿಂತ ಇಳಿಸಿದ್ರೆ ಡ್ರಮ್ ಸದ್ದು ಕೆಸರಲ್ಲಿ ಕಾಲಿಟ್ಟ ಹಾಗೆ ಆಗುತ್ತೆ.

ವೇಗ: ಎರಡೂ ನಿಮಿಷಕ್ಕೆ 110 ಬೀಟ್‌ನ ಆಸುಪಾಸು. ಅದಕ್ಕೇ ಅಂಟಿಸೋದು ಸುಲಭ ಅನ್ಸುತ್ತೆ. ಆದರೆ 1974ರದ್ದು ಮನುಷ್ಯ ಬಾರಿಸಿದ ಡ್ರಮ್, ಕ್ಲಿಕ್ (ವೇಗ ಹಿಡಿದಿಡೋಕೆ ಕಿವಿಗೆ ಕೊಡೋ ಟಿಕ್ ಟಿಕ್ ಸದ್ದು) ಇಲ್ಲ, ಉಸಿರಾಡೋ ಹಾಗೆ ಒಂಚೂರು ಹಿಂದೆ ಮುಂದೆ ಆಗುತ್ತೆ. 2001ರದ್ದು ಯಂತ್ರದಲ್ಲಿ ಗೆರೆ ಎಳೆದ ಹಾಗೆ. ಎರಡು ರೆಕಾರ್ಡಿಂಗ್ ತಗೊಂಡು ಹಾಗೇ ಹೊಲಿದ್ರೆ ಹೊಲಿಗೆ ಜಾಗದಲ್ಲಿ ಎಡವುತ್ತೆ, ನರ್ತಕಿಯರ ಕಾಲಿಗೆ ತಕ್ಷಣ ಗೊತ್ತಾಗುತ್ತೆ. ಹಳೇದನ್ನ ಪ್ರತಿ ಬಾರ್‌ಗೂ (ನಾಲ್ಕು ಬೀಟ್‌ನ ಒಂದು ಸುತ್ತು) ಎಳೆದು ಗೆರೆಗೆ ಕೂರಿಸ್ಬೇಡಿ, ಲಯದ ರಸವೇ ಹೋಗುತ್ತೆ. 8 ಬಾರ್‌ಗೆ ಒಂದು ಗುರುತು ಹಾಕಿದ್ರೆ ಸಾಕು.

ಈಗ 4 ನಿಮಿಷದ ಲೆಕ್ಕ. 110ರ ವೇಗದಲ್ಲಿ 4 ನಿಮಿಷ ಅಂದ್ರೆ 440 ಬೀಟ್, ಅಂದ್ರೆ ಸರಿಯಾಗಿ 110 ಬಾರ್. ನಾನು ಹಂಚೋದಾದ್ರೆ ಹೀಗೆ ಹಂಚ್ತೀನಿ: ಶುರುವಿನ ಕೂಗು 8, ಮೊದಲ ಚರಣ 8, ಕೋರಸ್ ಮತ್ತು ಫ್ರೆಂಚ್ ಸಾಲು ಸೇರಿ 16, ಎರಡನೇ ಚರಣ 8, ಮತ್ತೆ 16, ರ್‍ಯಾಪ್ 16, ಬರೀ ಬೇಸ್ ಮತ್ತು ಚಿಟಿಕೆ 4, ಮೂರನೇ ಚರಣ 8, ಕೋರಸ್ 16, ಹೆಸರು ಕೂಗಿ ಮುಗಿಸೋಕೆ 8. ಒಟ್ಟು 108 ಬಾರ್, 3 ನಿಮಿಷ 56 ಸೆಕೆಂಡ್. ಎಂಟು ಬೀಟ್‌ಗೆ ಒಂದು ಅಂತ ಎಣಿಸೋ ಕುಣಿಯೋರ ಲೆಕ್ಕದಲ್ಲಿ 54 ಎಂಟುಗಳು. ಉತ್ಸಾಹಕ್ಕೆ ಡ್ರಮ್ಮರ್ 114ಕ್ಕೆ ಓಡಿದ್ರೆ 8 ಸೆಕೆಂಡ್ ಉಳಿಯುತ್ತೆ, ಆದರೆ ರ್‍ಯಾಪ್‌ನ ಮಾತುಗಳು ಬಾಯಲ್ಲೇ ಮುರಿದುಬೀಳುತ್ತವೆ. ಡ್ರಮ್ಮರ್ ಕಿವಿಗೆ ಕ್ಲಿಕ್ ಕೊಡಿ.

ಆ 4 ಬಾರ್ ಖಾಲಿ ಜಾಗ ಬಿಟ್ಟುಬಿಡೋಣ ಅಂತ ಯಾರಾದ್ರೂ ಹೇಳ್ತಾರೆ, ಕೇಳ್ಬೇಡಿ. ರ್‍ಯಾಪ್ ಆದ್ಮೇಲೆ ನೇರ ಮೂರನೇ ಚರಣಕ್ಕೆ ಹಾರಿದ್ರೆ ಅದು ಇನ್ನೊಂದು ಕೂಗು ಅಷ್ಟೇ ಆಗುತ್ತೆ. ಇಳಿಸಿ ಎತ್ತಬೇಕು.

ಒಂದು ವಿಷಯದಲ್ಲಿ ವೆಂಕ ಅವರ ಜತೆ ನನ್ನ ತಕರಾರು. 2001ರದ್ದು ಅಬ್ಬರ ಜಾಸ್ತಿ ಅನ್ನೋ ಧ್ವನಿ ನಿಮ್ಮ ಮಾತಲ್ಲಿ ಇದೆ ಅನ್ಸುತ್ತೆ. ಅದರ ಹಿಮ್ಮೇಳ ಕೇಳಿ ನೋಡಿ, ಲಬೆಲ್ ರೂಪದಲ್ಲಿ ಕಹಳೆ, ಪಿಯಾನೊ, ಗಿಟಾರ್ ಎಲ್ಲ ಒಂದರ ಮೇಲೊಂದು ಕೂತಿವೆ. 2001ರದ್ದರಲ್ಲಿ ಚರಣದ ಕೆಳಗೆ ಎಷ್ಟೋ ಖಾಲಿ ಜಾಗ ಇದೆ. ಅಬ್ಬರ ಇರೋದು ಗಂಟಲಲ್ಲಿ, ವಾದ್ಯದಲ್ಲಿ ಅಲ್ಲ.

---

ವಿನೈಲ್_ವೆಂಕ:

ಒಪ್ಪಿದೆ, ಹಿಮ್ಮೇಳ ಖಾಲಿ ಇದೆ. ಆದರೆ ಗಂಟಲಿನ ಅಬ್ಬರವೇ ನನ್ನ ತಕರಾರು. ನಾಲ್ವರಿಗೂ ತಾನು ಕಾಣಬೇಕು ಅನ್ನುವ ಹಾಡು ಅದು. ಅದಕ್ಕೇ ಗೆದ್ದಿತು ಅನ್ನಿ. ಹಾಟ್ 100ರಲ್ಲಿ 5 ವಾರ ನಂಬರ್ 1, ಪಾಲ್ ಹಂಟರ್ ಮಾಡಿದ ವಿಡಿಯೊಗೆ ಎಂಟಿವಿಯ ವರ್ಷದ ವಿಡಿಯೊ ಪ್ರಶಸ್ತಿ, ಮರುವರ್ಷ ಗ್ರ್ಯಾಮಿ. ನಾನು ಹೇಳೋದಿಷ್ಟು: ನಿಮ್ಮ ಮೊದಲ ಚರಣ 1974ರ ಹಾಗೆ ಇರಲಿ, ಗುಟ್ಟು ಹೇಳುವ ದನಿ. ಮೊದಲ ಸಾಲಿಗೇ ಗಂಟಲು ಬಿಟ್ಟರೆ 108 ಬಾರ್‌ನಲ್ಲಿ ಹೋಗಲು ಇನ್ನೆಲ್ಲಿ ಜಾಗ?

ಊರಿನ ವಿಷಯ ಇನ್ನೊಮ್ಮೆ: ಒಂದು ಪ್ರದರ್ಶನದಲ್ಲಿ ಒಂದೇ ಊರು. ಮೊದಲ ಚರಣದಲ್ಲಿ ನ್ಯೂ ಆರ್ಲಿಯನ್ಸ್ ಹೇಳಿ ಕೊನೆಗೆ ‘ಮೂಲಾನ್ ರೂಜ್’ ಅಂತ ಕೂಗುವ ತಂಡಗಳೇ ಹೆಚ್ಚು. ಪಾಪ, ಮಾರ್ಮಲೇಡ್‌ಗೆ ಎಷ್ಟು ಓಡಾಟ!

---

ಕೋರಸ್_ಕಮಲಿ:

ಇಬ್ಬರಿಗೂ ತುಂಬಾ ಥ್ಯಾಂಕ್ಸ್. ನ್ಯೂ ಆರ್ಲಿಯನ್ಸ್ ಇಟ್ಕೋತೀವಿ. ಸಿ ಮೈನರ್ ತಪ್ಪು ನಮ್ಮ ಕೀಬೋರ್ಡಿನವರೂ ಮಾಡ್ತಿದ್ರು, ಈಗ ಸರಿಹೋಯ್ತು. ಫ್ರೆಂಚ್ ಸಾಲಿನ ಬಗ್ಗೆ ಯಾರಾದ್ರೂ ಹೇಳಿ. ‘ವೌಲೆಜ್ ವೌಸ್’ ಅಂತ ಹಾಡ್ತಿದ್ದಾರೆ, ತಪ್ಪು ಅಂತ ಗೊತ್ತು, ಸರಿ ಯಾವುದು ಅಂತ ಗೊತ್ತಿಲ್ಲ.

---

ನುಡಿ_ನಳಿನಿ:

ಕಮಲಿ, ಕನ್ನಡದಲ್ಲಿ ಬರೆದುಕೊಂಡರೆ ಇಂಗ್ಲಿಷ್ ಸ್ಪೆಲಿಂಗ್ ನೋಡಿ ಓದುವುದಕ್ಕಿಂತ ಎಷ್ಟೋ ಹತ್ತಿರ ಬರುತ್ತದೆ. ಹೀಗೆ ಬರೆದುಕೊಳ್ಳಿ:

ವುಲೇ ವು ಕುಶೇ ಅವೆಕ್ ಮ್ವಾ ಸ ಸ್ವಾರ್

‘ವುಲೇ’ಯ ಕೊನೆಯಲ್ಲಿ ಜ಼ ಇಲ್ಲ. ‘ವು’ ಕೊನೆಯಲ್ಲಿ ಸ ಇಲ್ಲ. ‘ಕುಶೇ’ ಕೊನೆಯಲ್ಲಿ ರ ಇಲ್ಲ. ಮೂರೂ ಬರೆಯುತ್ತಾರೆ, ನುಡಿಯುವುದಿಲ್ಲ. ‘ಮ್ವಾ’ ಒಂದೇ ಉಸಿರು, ‘ಮೊವಾ’ ಅಂತ ಎರಡು ಮಾಡಿದರೆ ತಾಳದಲ್ಲಿ ಒಂದು ಅಕ್ಷರ ಹೆಚ್ಚಾಗಿ ಮುಂದಿನದ್ದು ಜಾರುತ್ತದೆ. ‘ಸ’ ಅನ್ನುವುದು ‘ಸೇ’ ಅಲ್ಲ, ನಮ್ಮ ‘ಸರಿ’ಯಲ್ಲಿ ಬರುವ ಸ, ಇನ್ನೂ ಮೆತ್ತಗೆ. ಕೊನೆಯ ‘ಸ್ವಾರ್’ನ ರ ಗಂಟಲಿನ ಹಿಂದಿನದು. ಬಾರದಿದ್ದರೆ ನಾಲಗೆ ಉರುಳಿಸಬೇಡಿ, ‘ಸ್ವಾ’ ಅಂತ ಎಳೆದು ಬಿಟ್ಟುಬಿಡಿ, ಹಾಡಿನಲ್ಲಿ ಯಾರಿಗೂ ತಿಳಿಯುವುದಿಲ್ಲ.

ಮತ್ತೊಂದು ಕಡೆ ಎಲ್ಲರೂ ಎಡವುತ್ತಾರೆ. ಸಾಲು ಎರಡು ಸಲ ಬರುತ್ತದೆ. ಮೊದಲ ಸಲ ‘ಸ ಸ್ವಾರ್’ ಇದೆ, ಎರಡನೇ ಸಲ ‘ಮ್ವಾ’ಕ್ಕೇ ನಿಲ್ಲುತ್ತದೆ. ಹತ್ತು ಅಕ್ಷರ, ಆಮೇಲೆ ಎಂಟು. ಎರಡರಲ್ಲೂ ‘ಸ ಸ್ವಾರ್’ ಹಾಕಿದರೆ ಉಸಿರು ಎಳೆದುಕೊಳ್ಳುವ ಜಾಗವೇ ಹೋಗುತ್ತದೆ. ಕುಣಿಯುವವರಿಗೆ ಆ ಎರಡು ಅಕ್ಷರದ ಮೌನವೇ ಆಮ್ಲಜನಕ.

ಅರ್ಥ: ‘ಈ ರಾತ್ರಿ ನನ್ನ ಜತೆ ಮಲಗುತ್ತೀರಾ?’ ಗಮನಿಸಿ, ‘ಮಲಗ್ತೀಯಾ’ ಅಲ್ಲ, ‘ಮಲಗುತ್ತೀರಾ’. ಫ್ರೆಂಚಿನಲ್ಲಿ ನಮ್ಮ ಹಾಗೇ ನೀನು, ನೀವು ಎರಡಿವೆ, ಇದು ನೀವು. ಇಂಗ್ಲಿಷಿಗೆ ತಂದಾಗ ಈ ಸೊಗಸು ಪೂರ್ತಿ ಮಾಯವಾಗುತ್ತದೆ, ಕನ್ನಡದಲ್ಲಿ ಉಳಿಯುತ್ತದೆ. ಗುರುತಿಲ್ಲದ ಗಿರಾಕಿಗೆ ಬಹುವಚನ ಕೊಟ್ಟು, ‘ಕಾಫಿ ತಗೋತೀರಾ’ ಅನ್ನುವಷ್ಟು ಮರ್ಯಾದೆಯಿಂದ ಕೇಳುವ ಪ್ರಶ್ನೆ. ಸಾಲಿನ ಕಿಡಿ ಇರುವುದು ಆ ಮರ್ಯಾದೆಯಲ್ಲಿ. ಹಾಗಾಗಿ ಕಣ್ಣು ಹೊಡೆದು, ತುಟಿ ಕಚ್ಚಿ ಹಾಡಿಸುವುದಕ್ಕಿಂತ ನೆಟ್ಟಗೆ ನಿಂತು, ಮುಗುಳ್ನಗೆಯಲ್ಲಿ ಹಾಡಿಸಿ. ಹೆಚ್ಚು ಕೆಲಸ ಮಾಡುತ್ತದೆ. ಇದೇ ಸಾಲು ಟೆನೆಸೀ ವಿಲಿಯಮ್ಸ್‌ನ ‘ಎ ಸ್ಟ್ರೀಟ್‌ಕಾರ್ ನೇಮ್ಡ್ ಡಿಸೈರ್’ ನಾಟಕದಲ್ಲೂ ಬರುತ್ತದೆ. ಫ್ರೆಂಚ್ ಬಾರದವನ ಎದುರು ನಾಯಕಿ ಆಡುವ ಮಾತು, ಅದೂ ನ್ಯೂ ಆರ್ಲಿಯನ್ಸ್‌ನಲ್ಲೇ. ಹಾಡುವಾಗ ತನಗೂ ಅರ್ಥ ತಿಳಿದಿರಲಿಲ್ಲ ಎಂದು ಪ್ಯಾಟಿ ಲಬೆಲ್ ಆಮೇಲೆ ಹೇಳಿಕೊಂಡಿದ್ದಾರೆ. ಅರ್ಥವಾಗದ ಭಾಷೆಯಲ್ಲಿ ಹೇಳಿದ್ದೇ ಹಾಡಿನ ಉಪಾಯ.

ಅಜ್ಜ ಅಜ್ಜಿಯರ ಪ್ರಶ್ನೆಗೆ: ‘ಕುಶೇ’ ತೆಗೆದು ‘ದಾಂಸೇ’ ಹಾಕಿ. ‘ನನ್ನ ಜತೆ ಕುಣಿಯುತ್ತೀರಾ’ ಆಗುತ್ತದೆ. ಎರಡಕ್ಕೂ ಎರಡೇ ಅಕ್ಷರ, ಎರಡೂ ‘ಏ’ಯಲ್ಲೇ ಮುಗಿಯುತ್ತವೆ, ಸ್ವರ ಅಲುಗಾಡುವುದಿಲ್ಲ. ‘ದಾಂ’ನಲ್ಲಿ ಮ, ನ ಎರಡೂ ಪೂರ್ತಿ ಕೇಳಬಾರದು, ಮೂಗಿನಲ್ಲೇ ಉಳಿಯಲಿ. ಆದರೆ ಅಷ್ಟಕ್ಕೇ ಹಾಡು ಸಾಧುವಾಗುವುದಿಲ್ಲ. ಎರಡನೇ ಚರಣದ ಕಪ್ಪು ಸ್ಯಾಟಿನ್ ಹಾಸಿಗೆ ಮತ್ತು ರ್‍ಯಾಪ್ ಇಂಗ್ಲಿಷಿನಲ್ಲಿವೆ, ಅವು ಎಲ್ಲರಿಗೂ ಅರ್ಥವಾಗುತ್ತವೆ. ಬದಲಿಸುವುದಾದರೆ ಅಲ್ಲಿ ಮೊದಲು ನೋಡಿ. ಫ್ರೆಂಚ್ ಒಂದನ್ನೇ ತೊಳೆದು ಉಳಿದದ್ದನ್ನು ಹಾಗೇ ಬಿಡುವುದು, ಅಂಗಳ ಗುಡಿಸಿ ಒಳಮನೆ ಬಿಟ್ಟ ಹಾಗೆ.

---

ಎಂಟರ_ಎಣಿಕೆ:

ಕುರ್ಚಿ ವಿಷಯಕ್ಕೆ ಬರ್ತೀನಿ.

ಪ್ಲಾಸ್ಟಿಕ್ ಕುರ್ಚಿ ಬೇಡವೇ ಬೇಡ. ಹಿಂಬದಿ ಒರಗಿ ಒಂದು ಕಾಲು ಎತ್ತಿದಾಗ ಹಿಂದಿನ ಎರಡು ಕಾಲು ಹರಡಿಕೊಳ್ತವೆ, ಮಗುಚುತ್ತೆ. ಮಡಿಸೋ ಕಬ್ಬಿಣದ ಕುರ್ಚಿಯೂ ಬೇಡ, ಬೆರಳು ಸಿಕ್ಕಿಕೊಳ್ಳುತ್ತೆ. ಕೈ ಇಲ್ಲದ, ಬೆನ್ನು ನೆಟ್ಟಗಿರೋ ಮರದ ಕುರ್ಚಿ ತಗೊಳ್ಳಿ. ನಾಲ್ಕು ಕಾಲಿಗೂ ರಬ್ಬರ್ ಬುಷ್ ಹಾಕಿಸಿ. ಕೂರೋ ಜಾಗಕ್ಕೆ ಹೊಳೆಯೋ ಸ್ಯಾಟಿನ್ ಬಟ್ಟೆ ಹೊದಿಸ್ಬೇಡಿ. ನಿಮ್ಮ ಉಡುಪೂ ಸ್ಯಾಟಿನ್, ಕೂರೋ ಜಾಗವೂ ಸ್ಯಾಟಿನ್ ಆದ್ರೆ ಎರಡನೇ ಎಂಟಕ್ಕೇ ನೆಲದಲ್ಲಿರ್ತೀರಿ. ಮೇಲೆ ಹತ್ತಿ ನಿಲ್ಲೋ ಹೆಜ್ಜೆ ಇದ್ರೆ ಕಾಲನ್ನ ಸೀಟಿನ ನಡುವೆ ಇಡಬೇಕು, ತುದೀಲಿ ಅಲ್ಲ. ಇನ್ನೊಂದು ಕೈ ಬೆನ್ನುಪಟ್ಟಿ ಮೇಲೆ.

ಜಾಗ: ಕುರ್ಚಿ ನಡುವಿಂದ ಕುರ್ಚಿ ನಡುವಿಗೆ ಕನಿಷ್ಠ 5 ಅಡಿ. ಕಾಲು ಪಕ್ಕಕ್ಕೆ ಚಾಚಿ ಸುತ್ತೋ ಹೆಜ್ಜೆ ಇದ್ರೆ 6. ನಾಲ್ಕು ಕುರ್ಚಿ ಒಂದೇ ಸಾಲಲ್ಲಿ ಇಟ್ರೆ 18ರಿಂದ 20 ಅಡಿ ಅಗಲ ಬೇಕು, ಅಷ್ಟಿಲ್ಲಾಂದ್ರೆ ಎರಡು ಮುಂದೆ ಎರಡು ಹಿಂದೆ, ಹಲ್ಲಿನ ಹಾಗೆ ಬಿಟ್ಟು ಬಿಟ್ಟು. ನೆಲದ ಮೇಲೆ ಟೇಪಲ್ಲಿ ಗುರುತು ಹಾಕೋವಾಗ ನಾಲ್ಕು ಕಾಲಿಗೂ ಹಾಕ್ಬೇಡಿ, ಕತ್ತಲಲ್ಲಿ ಯಾರಿಗೂ ಕಾಣಲ್ಲ. ಮುಂದಿನ ಎರಡು ಕಾಲಿಗೆ ಮಾತ್ರ, ಕಪ್ಪು ನೆಲಕ್ಕೆ ಬಿಳಿ ಟೇಪ್.

ವೆಂಕ ಸರ್ ಹೇಳಿದ ‘ಅವಳು, ನಾವು’ ವಿಷಯವನ್ನ ಕುರ್ಚಿಯಲ್ಲೇ ತೋರಿಸಬಹುದು. ಮೊದಲ ಎರಡು ಚರಣದಲ್ಲಿ ನಾಲ್ಕನೇ ಕುರ್ಚಿ ಖಾಲಿ ಇರಲಿ, ಮೂವರೂ ಆ ಖಾಲಿ ಕುರ್ಚಿಯನ್ನ ನೋಡ್ತಾ ಕಥೆ ಹೇಳಲಿ. ರ್‍ಯಾಪ್ ಶುರುವಾದಾಗ ನಾಲ್ಕನೆಯವಳು ಬಂದು ಅದನ್ನೇ ತಿರುಗಿಸಿ, ಬೆನ್ನು ಮುಂದೆ ಮಾಡಿ ಕೂತು ಶುರು ಮಾಡಲಿ. ಅವಳು ಹತ್ತಿರ ಹತ್ತಿರ ಎರಡು ನಿಮಿಷ ವೇದಿಕೆ ಪಕ್ಕದಲ್ಲಿ ಇರೋದ್ರಿಂದ ಉಸಿರೂ ಉಳಿಯುತ್ತೆ, ಮಾತು ಸ್ಪಷ್ಟವಾಗಿ ಬರುತ್ತೆ. 56ನೇ ಬಾರ್ ಮುಗಿದ ಕೂಡಲೇ ಅವಳ ಬಾಯಿ ಬಿಚ್ಚಬೇಕು, ಹಾಗಾಗಿ 53ನೇ ಬಾರ್‌ಗೆ ನಡೆಯೋಕೆ ಶುರು: 16 ಹೆಜ್ಜೆ ಸಿಗುತ್ತೆ, ಸಣ್ಣ ವೇದಿಕೆಗೆ ಧಾರಾಳ.

ಉಡುಪು: 2001ರ ವಿಡಿಯೊ ನೋಡಿ ಎಲ್ಲರೂ ಕಾರ್ಸೆಟ್‌ಗೆ ಬೀಳ್ತಾರೆ. ವಿಡಿಯೊದಲ್ಲಿ ತುಟಿ ಆಡಿಸಿದ್ರೆ ಸಾಕು, ನಿಮಗೆ ನಿಜವಾಗಿ ಹಾಡ್ಬೇಕು. ಬಿಗಿ ಕಾರ್ಸೆಟ್ ಹಾಕಿದ್ರೆ ಕೆಳಪಕ್ಕೆ ಅಗಲ ಆಗಲ್ಲ, ಉಸಿರು ಭುಜಕ್ಕೆ ಹತ್ತುತ್ತೆ, ಮೂರನೇ ಕೋರಸ್‌ಗೆ ಶ್ರುತಿ ಇಳಿಯುತ್ತೆ. ಹಾಕಲೇಬೇಕು ಅಂದ್ರೆ ಉಸಿರು ತುಂಬಿಕೊಂಡಾಗ ಲೇಸ್ ಕಟ್ಟಿ, ಬಿಟ್ಟಾಗ ಅಲ್ಲ. ಎರಡು ಬೆರಳು ಒಳಗೆ ಹೋಗೋ ಹಾಗಿರಲಿ. ಕೊನೇ ನಾಲ್ಕೈದು ರಿಹರ್ಸಲ್ ಅದನ್ನ ಹಾಕ್ಕೊಂಡೇ ಮಾಡಿ. ಇಲ್ಲಾಂದ್ರೆ ಲಬೆಲ್ ಹಾಗೆ ಬೆಳ್ಳಿಬಣ್ಣಕ್ಕೆ ಹೋಗಿ, ಮೈ ಮುಚ್ಚುತ್ತೆ, ದೀಪಕ್ಕೆ ಹೊಳೆಯುತ್ತೆ, ಉಸಿರಿಗೂ ಅಡ್ಡಿಯಿಲ್ಲ, ಅಜ್ಜಿಯರ ಚಿಂತೆಯೂ ಅರ್ಧ ಮುಗೀತು. ಲೋಹದ ಚೂರು ಹೊಲಿದಿದ್ರೆ ಒಬ್ಬರ ತೋಳು ಒಬ್ಬರಿಗೆ ಗೀರದ ಹಾಗೆ ಪಕ್ಕದ ಹೊಲಿಗೆ ಬಿಟ್ಟು ಹಾಕಿಸಿ.

ಗರಿಯ ಶಾಲು ಹಾಕ್ಕೊಳ್ಳೋದಾದ್ರೆ ಕುಣಿಯೋಕೆ ಮುಂಚೆ ಜಾಡಿಸಿ. ಉದುರಿದ ಗರಿ ಲಿಪ್‌ಸ್ಟಿಕ್‌ಗೆ ಅಂಟುತ್ತೆ, ಅದರ ಮೇಲೆ ‘ವು’ ಹೇಳೋಕೆ ಹೋದ್ರೆ ಬಾಯೊಳಗೇ ಹೋಗುತ್ತೆ.

---

ಕೇಬಲ್_ಕೇಶವ:

ಸೌಂಡ್ ಮತ್ತು ಪರವಾನಗಿ, ಚುಟುಕಾಗಿ.

ಕೈ ಮೈಕ್ ಬೇಡ, ಕುರ್ಚಿ ಹಿಡಿಯೋ ಕೈ ಬೇಕಲ್ಲ. ಹೆಡ್‌ಸೆಟ್ ಮೈಕ್ ಬಾಯಿಯ ನೇರ ಮುಂದೆ ಬೇಡ, ತುಟಿ ಮೂಲೆಯಿಂದ ಒಂದೆರಡು ಬೆರಳು ಆಚೆಗೆ. ನೇರ ಇದ್ರೆ ಏದುಸಿರೆಲ್ಲ ಸ್ಪೀಕರ್‌ನಲ್ಲಿ ಗಾಳಿ ಬೀಸಿದ ಹಾಗೆ ಕೇಳುತ್ತೆ. ಟ್ರಾನ್ಸ್‌ಮಿಟರ್ ಡಬ್ಬಿಯನ್ನ ಬೆನ್ನ ಕೆಳಗೆ ನಡುವಿಗೆ ಕಟ್ಟಬೇಡಿ, ಕುರ್ಚಿ ಬೆನ್ನಿಗೆ ಬಡಿಯುತ್ತೆ. ಪಕ್ಕದ ಸೊಂಟಕ್ಕೆ.

ಡ್ರಮ್ಮರ್‌ಗೆ ಫೋನ್‌ನಿಂದ ಕ್ಲಿಕ್ ಕೊಡೋರು ಹೆಚ್ಚು. ಎಡಗಡೆ ಕ್ಲಿಕ್, ಬಲಗಡೆ ಕಹಳೆ ಟ್ರ್ಯಾಕ್ ಅಂತ ಫೈಲ್ ಮಾಡಿರ್ತಾರೆ. ಆಪರೇಟರ್‌ಗೆ ಹೇಳದೆ ಎರಡೂ ತಂತಿ ಮಿಕ್ಸರ್‌ಗೆ ಹಾಕಿದ್ರೆ ಸಭೆಗೆಲ್ಲ ಟಿಕ್ ಟಿಕ್ ಕೇಳುತ್ತೆ. ಆ ಎಡಗಡೆ ಚಾನೆಲ್‌ಗೆ ಬಿಳಿ ಟೇಪ್ ಅಂಟಿಸಿ ‘ಡ್ರಮ್ ಕಿವಿಗೆ ಮಾತ್ರ’ ಅಂತ ಬರೀರಿ.

ಪರವಾನಗಿ: ಟಿಕೆಟ್ ಇಟ್ಟ ಕಾರ್ಯಕ್ರಮದಲ್ಲಿ ಬ್ಯಾಂಡ್ ಬಾರಿಸಿ ಹಾಡಿದ್ರೆ ಸಾಹಿತ್ಯ, ಸಂಗೀತದ ಹಕ್ಕಿಗೆ ಐಪಿಆರ್‌ಎಸ್ (ಹಾಡು ಬರೆದವರ ಹಕ್ಕು ನೋಡಿಕೊಳ್ಳೋ ಸಂಸ್ಥೆ) ಕಡೆ ವಿಚಾರಿಸಬೇಕು, ರೆಕಾರ್ಡಿಂಗನ್ನೇ ಹಾಕೋದಾದ್ರೆ ಆ ಧ್ವನಿಮುದ್ರಣದ ಹಕ್ಕು ಬೇರೆ. ಸಾಮಾನ್ಯವಾಗಿ ಇದು ಆಯೋಜಕರ ಕೆಲಸ, ಆದರೂ ಕೇಳಿಟ್ಟುಕೊಳ್ಳಿ. ಟಿಕೆಟ್ ಇಲ್ಲದ ಹವ್ಯಾಸಿ ಸಂಘದ ಪ್ರದರ್ಶನಕ್ಕೆ, ಮತ್ತೆ ಕಾಲೇಜಿನಲ್ಲಿ ವಿದ್ಯಾರ್ಥಿಗಳು, ಸಿಬ್ಬಂದಿ, ಪೋಷಕರ ಮುಂದಷ್ಟೇ ಮಾಡೋದಕ್ಕೆ ಕೃತಿಸ್ವಾಮ್ಯ ಕಾಯಿದೆಯ 52ನೇ ಕಲಂನಲ್ಲಿ ವಿನಾಯಿತಿ ಇದೆ. ರೆಕಾರ್ಡ್ ಮಾಡಿ ಮಾರೋ ಯೋಚನೆ ಇದ್ರೆ ಅದು ಬೇರೆಯೇ ದಾರಿ: 31ಸಿ ಕಲಂ ಪ್ರಕಾರ ಮೊದಲ ಮುದ್ರಣದ ವರ್ಷ ಮುಗಿದು 5 ವರ್ಷ ಕಳೆದಿರಬೇಕು, ವರ್ಷಕ್ಕೆ ಕನಿಷ್ಠ 50,000 ಪ್ರತಿಗಳ ರಾಯಧನ ಮುಂಗಡ ಕಟ್ಟಬೇಕು, ಸಾಹಿತ್ಯ ಬದಲಿಸುವಂತಿಲ್ಲ. ‘ಕುಶೇ’ ಜಾಗಕ್ಕೆ ‘ದಾಂಸೇ’ ಹಾಕಿದ್ರೂ ಬದಲಾವಣೆಯೇ, ಹಕ್ಕುದಾರರ ಒಪ್ಪಿಗೆ ಬೇಕು. ಯೂಟ್ಯೂಬ್‌ಗೆ ಹಾಕಿದ್ರೆ ಹಾಡು ಗುರುತಿಸಿ ಜಾಹೀರಾತಿನ ದುಡ್ಡು ಹಕ್ಕುದಾರರಿಗೆ ಹೋಗಬಹುದು, ಗಾಬರಿ ಬೇಡ.

---

ಕೋರಸ್_ಕಮಲಿ:

ಎಲ್ಲ ಬರೆದುಕೊಂಡೆ. ಖಾಲಿ ಕುರ್ಚಿ ಐಡಿಯಾ ಎಲ್ಲರಿಗೂ ಹಿಡಿಸ್ತು. ಒಂದೇ ಸಂಶಯ: ರ್‍ಯಾಪ್ ಆದ ಮೇಲೆ 4 ಬಾರ್ ಬರೀ ಬೇಸ್ ಅಂದ್ರಲ್ಲ, ಆಗ ನಾಲ್ವರೂ ಏನು ಮಾಡೋದು?

---

ಎಂಟರ_ಎಣಿಕೆ:

ಎರಡು ಎಂಟು ಇದೆ. ಮೊದಲನೆಯದರಲ್ಲಿ ಅಲ್ಲಾಡಬೇಡಿ, ಎರಡನೇ ಮತ್ತು ನಾಲ್ಕನೇ ಬೀಟ್‌ಗೆ ಚಿಟಿಕೆ ಅಷ್ಟೇ. ಒಂದಕ್ಕೂ ಮೂರಕ್ಕೂ ಹೊಡೆದ್ರೆ ಭಜನೆ ಆಗುತ್ತೆ, ನೋಡ್ಕೊಳ್ಳಿ. ಎರಡನೆಯದರಲ್ಲಿ ಒಬ್ಬೊಬ್ಬರಾಗಿ ಎರಡೆರಡು ಬೀಟ್‌ಗೆ ಎದ್ದು ನಿಲ್ಲಿ. ಎಂಟು ಮುಗಿಯೋ ಹೊತ್ತಿಗೆ ನಾಲ್ವರೂ ನಿಂತಿರ್ತೀರಿ. ಮೂರನೇ ಚರಣ ಹಾಡೋಳು ಕೊನೆಗೆ ಏಳಬೇಕು, ಅಲ್ಲೀವರೆಗೆ ಅವಳು ಉಸಿರು ತಗೊಳ್ತಾ ಇರಲಿ.

ಬೇಸ್_ಬಸವ:

ಆ 4 ಬಾರ್‌ನಲ್ಲಿ ಕೀಬೋರ್ಡಿನವರ ಎರಡೂ ಕೈ ಮಡಿಲಲ್ಲಿರಲಿ. ಸುಮ್ಮನೆ ಕೂರೋಕಾಗದೆ ಮೆತ್ತಗೆ ಒಂದು ಕಾರ್ಡ್ ಒತ್ತೇ ಒತ್ತುತ್ತಾರೆ, ಮೊದಲೇ ಹೇಳಿಡಿ.